ಪ್ರೊಫೆಸರರ ಎಡಮಂಡಿ

ಮಾತೆತ್ತಿದರೆ ಸಿನಿಮಾ ಮಾತು ಹೊಡೆಯುವ ಅವನಿಗೆ ಗೆಳೆಯರಿಟ್ಟ ಹೆಸರು ಡೈಲಾಗ್. ಮಂಡಿಯ ಕಥೆಯನ್ನು ಅವನಷ್ಟು ಚೆನ್ನಾಗಿ ಹೇಳುವವರು ಆ ಮೆಡಿಕಲ್ ಕಾಲೇಜಿನಲ್ಲೇ ಇರಲಿಲ್ಲ. ಒಳಮಗ್ಗುಲಿಗೊಂದು, ಹೊರಮಗ್ಗುಲಿಗೊಂದು ಮೂಳೆಗಳನ್ನು ಕಟ್ಟಿಹಿಡಿಯುವ ಲಿಗಮೆಂಟು, ಅವು ಬಾಡಿಗಾರ್ಡುಗಳು. ನಡುವೆ ಕತ್ತರಿ ಹಾಕಿಕೊಂಡು ನಿಂತ ಇನ್ನೆರಡು, ಹೀರೋ ಮತ್ತು ಅವನಣ್ಣ. ಕೆಳಗಿನ ಮೂಳೆ ಮುಂದಕ್ಕೆ ಜಾರದಂತೆ ಹೀರೋ ಹಿಡಿದಿರುತ್ತಾನೆ, ಹಿಂದಕ್ಕೆ ಜಾರದಂತೆ ಅಣ್ಣ. ಹೀರೋ ಹರಿದರೆ ಮೂಳೆ ಮೇಜಿನ ಡ್ರಾಯರಿನಂತೆ ಈಚೆ ಬರುತ್ತದೆ. ಇದನ್ನು ಕೇಳಿದ ಗೆಳೆಯರೆಲ್ಲ ಪಾಸಾದರು. ಹೇಳಿದವನು ಫೇಲಾದ.

ಆದದ್ದಿಷ್ಟೇ. ಹೋದ ಸಲ ವೈವಾ ಪರೀಕ್ಷೆಗೆ ಬರಬೇಕಿದ್ದ ರೋಗಿ ಕೈಕೊಟ್ಟಿದ್ದ. ಪ್ರೊಫೆಸರ್ ತಾವೇ ಪ್ಯಾಂಟು ಮೇಲೆ ಸರಿಸಿ, ಮಂಚದ ಮೇಲೆ ಮಲಗಿ, ಎಡಮಂಡಿ ಮಡಿಸಿ, ಹೇಗಿದೆ ಹೇಳು ಎಂದರು. ಇವನು ಅವರ ಪಾದದ ಮೇಲೆ ಕೂತು, ಎರಡೂ ಕೈಯಲ್ಲಿ ಕಾಲು ಹಿಡಿದು ಎಳೆದ. ಡ್ರಾಯರು ಸಲೀಸಾಗಿ ಬಂತು.

"ಸರ್, ನಿಮ್ಮ ಹೀರೋ ಇಂಟರ್‌ವಲ್‌ಗೆ ಮುಂಚೇನೇ ಹೋಗ್ಬಿಟ್ಟಿದಾನೆ."

ಮೂವತ್ತು ವರ್ಷದಿಂದ ಮಂಡಿಯ ಪಾಠ ಮಾಡುತ್ತ, ದಿನಾ ಬೆಳಿಗ್ಗೆ ಶಟಲ್ ಆಡುತ್ತಿದ್ದ ಮನುಷ್ಯ. ಮುಖ ಕೆಂಪಗಾಯಿತು. ರಿಸಲ್ಟೂ ಕೆಂಪಗೇ ಬಂತು.

ಈ ಸಲವೂ ಹೋದರೆ ಒಂದಿಡೀ ವರ್ಷ ಹಿಂದೆ ಬಿದ್ದು, ತಾನೇ ಪಾಠ ಹೇಳಿದ ಜೂನಿಯರುಗಳ ಪಕ್ಕ ಕೂರಬೇಕು. ಅದೇ ಆಸ್ಪತ್ರೆಯಲ್ಲಿ ನರ್ಸಾಗಿದ್ದ ಅಕ್ಕ ಬೆಳಿಗ್ಗೆಯೇ ಬುದ್ಧಿ ಹೇಳಿ ಕಳಿಸಿದ್ದಳು. "ಲೋ, ನಿನ್ ಕೈಗೇನೂ ಆಗಿಲ್ಲ ಕಣೋ, ಬಾಯಿಂದಲೇ ಎಲ್ಲಾ. ಅವರ ಮಂಡಿ ಸುದ್ದಿ ಎತ್ತಬೇಡ."

ಎತ್ತಿದವರು ಅವರೇ. ಕಾಯುತ್ತಿದ್ದ ರೋಗಿಯನ್ನು ಹೊರಗೆ ಕಳಿಸಿ, ಮಂಚ ಹತ್ತಿ, ಮತ್ತೆ ಅದೇ ಎಡಗಾಲು ಮಡಿಸಿದರು. ಡೈಲಾಗ್ ಎಳೆದ. ಮೂಳೆ ಹೋದ ಸಲಕ್ಕಿಂತ ಒಂದು ಬೆರಳು ಜಾಸ್ತಿಯೇ ಜಾರಿತು. ಅಕ್ಕನ ಮಾತು ನೆನಪಾಯಿತು.

"ನಿಮ್ಮ ಹೀರೋ ಉಕ್ಕಿನ ಹಗ್ಗ ಸರ್. ನೂರು ದಿನ ಗ್ಯಾರಂಟಿ ಓಡುತ್ತೆ."

ಪ್ರೊಫೆಸರ್ ನಿಧಾನವಾಗಿ ಎದ್ದು ಕೂತು, ದಿಂಬಿನಡಿಯಿಂದ ಸ್ಕ್ಯಾನಿಂಗ್ ಫಿಲ್ಮು ತೆಗೆದು ಕಿಟಕಿಗೆ ಹಿಡಿದರು. ಹೀರೋ ಇರಬೇಕಾದ ಜಾಗದಲ್ಲಿ ನಾಲ್ಕು ಎಳೆ ಜೋತಾಡುತ್ತಿತ್ತು.

"ಆವತ್ತು ನೀನು ಹೇಳಿದ್ದೇ ಸರಿ ಕಣಯ್ಯಾ. ಇವತ್ತು ಅದನ್ನೇ ಹೇಳ್ತೀಯ, ಪೂರ್ತಿ ಮಾರ್ಕ್ಸ್ ಕೊಡೋಣ ಅಂತ ಆ ರೋಗೀನ ಕಳಿಸಿದ್ದೆ."

"ಕೈಗೆ ಗೊತ್ತಾಗಿತ್ತು ಸರ್..."

"ಮಾರ್ಕ್ಸ್ ಶೀಟಲ್ಲಿ ಕೈಗೆ ಬೇರೆ ಕಾಲಂ ಇಲ್ವಲ್ಲಪ್ಪ."

ಕೆಂಪು ಪೆನ್ನು ಹಿಡಿದಾಗ ಅವರಿಗೆ ನಿಜಕ್ಕೂ ಬೇಜಾರಾದಂತಿತ್ತು. ಬರೆದು ಮುಗಿಸಿ, ಲಿಫ್ಟು ಕೆಟ್ಟಿದೆ, ಸ್ವಲ್ಪ ಹೆಗಲು ಕೊಡು ಎಂದರು. ಮೊದಲ ಮೆಟ್ಟಿಲಲ್ಲಿ ಬಲಗಾಲು ಮುಂದಿಡಲು ಹೋದರು.

"ಇಳಿಯೋವಾಗ ಪೆಟ್ಟಾಗಿರೋ ಕಾಲು ಮೊದಲು ಸರ್," ಎಂದ ಡೈಲಾಗ್.

ಪ್ರೊಫೆಸರ್ ತಡೆದು ನಿಂತು, ಎಡಗಾಲು ಇಟ್ಟರು. ಉತ್ತರ ಸರಿಯಾಗಿತ್ತು. ಪರೀಕ್ಷೆ ಮುಗಿದಿತ್ತು.