ಮೈಲಮ್ಮನಿಗೆ ಒಗ್ಗದ ಇಂಜೆಕ್ಷನ್

"ಯಾವುದಾದರೂ ಔಷಧಿ ಒಗ್ಗಲ್ವಾ?" ಎಂದು ಡಾಕ್ಟರ್ ಕೇಳಿದರೆ ನಮ್ಮಲ್ಲಿ ಬಹಳ ಮಂದಿ ಮನೆಯವರ ಮುಖ ನೋಡುತ್ತಾರೆ. ಕೆ.ಬಿ. ಬಡಾವಣೆಯ ಆಸ್ಪತ್ರೆಯಲ್ಲಿ ಮೈಲಮ್ಮನೂ ಗಂಡನ ಮುಖ ನೋಡಿದಳು. ಮಧ್ಯಾಹ್ನ ಅವಳಿಗೆ ಪಿತ್ತಕೋಶದ ಕಲ್ಲಿನ ಆಪರೇಷನ್.

ಗಂಡ ಸಣ್ಣತಿಮ್ಮಪ್ಪ ನೆಲ ನೋಡಿದ. ಮೂರು ವರ್ಷದ ಹಿಂದೆ ಹರಿಹರದಲ್ಲಿ ಜ್ವರಕ್ಕೆ ಕೊಟ್ಟ ಇಂಜೆಕ್ಷನ್ನಿಂದ ಅವಳ ಮುಖ ಊದಿ, ಉಸಿರು ಕಟ್ಟಿತ್ತು. ಬದುಕಿದ್ದೇ ಹೆಚ್ಚು. ಅದರ ಹೆಸರಿದ್ದ ಫೈಲು? ಹುಷಾರಾದ ಮೇಲೆ ಹೊಳೆದಂಡೆಯ ಉಕ್ಕಡಗಾತ್ರಿ ಕ್ಷೇತ್ರಕ್ಕೆ ಹೋದಾಗ, ಪೀಡೆ ಕಳೆಯಲೆಂದು ಹಳೆ ಬಟ್ಟೆ ಹೊಳೆಗೆ ಬಿಡುವವರನ್ನು ಕಂಡು, ಅವಳ ಸೀರೆಯಲ್ಲಿ ಫೈಲನ್ನೂ ಸುತ್ತಿ ಅವನೇ ತೇಲಿಬಿಟ್ಟಿದ್ದ. ರೋಗದ ಗುರುತೂ ಮನೆಯಲ್ಲಿ ಉಳಿಯಬಾರದೆಂದು.

"ಹೆಸರು ಗೊತ್ತಾಗದೆ ಮುಂದುವರಿಯೋದು ಅಪಾಯ," ಎಂದರು ಅವನಿಂದ ಇದನ್ನೆಲ್ಲ ಕೇಳಿದ ಡಾಕ್ಟರ್.

ಜೊತೆಗೆ ಬಂದಿದ್ದ ನೆರೆಮನೆಯ ಆರೋಗ್ಯ ಕಾರ್ಯಕರ್ತೆ ಆಶಾರಾಣಿ ಎದ್ದಳು. "ಅಕ್ಕಾ, ಅವತ್ತು ಹರಿಹರದಾಗ ಆಭಾ ನಂಬರ್ ಮಾಡಿಸಿದ್ವಲ್ಲ, ಆಸ್ಪತ್ರೆ ಚೀಟಿ ಎಲ್ಲ ಫೋನಿನಾಗೇ ಇಡೋ ಸರ್ಕಾರದ ಆರೋಗ್ಯ ಖಾತೆ? ಅಲ್ಲಿಯೋರು ನಿಮ್ಮ ಚೀಟಿ ಅದಕ್ಕೆ ಸೇರಿಸ್ಯಾರೆ. ಫೋನ್ ತಗೀರಿ."

"ಬ್ಯಾಡ!" ಎಂದ ಸಣ್ಣತಿಮ್ಮಪ್ಪ. "ಹೆಣ್ಮಗಳ ಮೈಯಾಗಿನ ಸುದ್ದಿ ಊರೆಲ್ಲ ಯಾಕ ಓದ್ಬೇಕು?"

"ನನ್ನ ಗೊರಕೆ ಸುದ್ದಿ ಊರಿಗೆಲ್ಲ ಸಾರಿದೋರು ಯಾರ್ರಿ, ಕಂಪ್ಯೂಟರಾ?" ಎಂದಳು ಮೈಲಮ್ಮ.

ಆಶಾರಾಣಿ ನಗು ತಡೆದುಕೊಂಡಳು. "ತಿಮ್ಮಣ್ಣಾ, ನಿಮ್ಮ ಭಯ ಸುಳ್ಳಲ್ಲ. ಅಲ್ಲಿ ಸೇರಿದ್ದು ಸುಲಭಕ್ಕೆ ಅಳಿಯಲ್ಲ. ಅದಕ್ಕೇ ಬೀಗ ಅಕ್ಕನ ಕೈಯಾಗೈತೆ. ಅವ್ರು ಒಪ್ಪಿದ್ರೆ ಮಾತ್ರ ಡಾಕ್ಟ್ರು ನೋಡ್ತಾರೆ. ಎಷ್ಟು ದಿನ ಅಂತಾನೂ ಅವ್ರೇ ಹೇಳ್ಬೋದು. ಇನ್ನೊಂದು ಕೇಳ್ರಿ. ಹೆಸರು ತೆಗೆದು ಸಾವಿರಾರು ಜನರ ಕಾಯಿಲೆ ಒಟ್ಟಿಗೆ ಇಟ್ಟು ನೋಡಿದ್ರೆ, ಡೆಂಗಿ ಯಾವ ಕಡೆ ಏಳ್ತೈತೆ ಅಂತ ಬೇಗ ತಿಳೀತೈತೆ."

"ಉಸಿರು ಕಟ್ಟೋದು ನನಗೆ," ಎಂದು ಮೈಲಮ್ಮ ಫೋನಿನಲ್ಲಿ ಒಪ್ಪಿಗೆ ಒತ್ತಿಯೇಬಿಟ್ಟಳು.

ಪರದೆಯ ಮೇಲೆ ತಾರೀಖು, ಇಂಜೆಕ್ಷನ್ನಿನ ಹೆಸರು, ಅದರ ಕೆಳಗೆ 'ತೀವ್ರ ಅಲರ್ಜಿ'. ಯಾರೋ ನರ್ಸು ಕೆಲಸದ ಗಡಿಬಿಡಿಯಲ್ಲಿ ಬರೆದ ಒಂದು ಸಾಲು. ಮೂರು ವರ್ಷ ಮಾಸದೆ, ಹರಿಯದೆ, ಯಾರಾದರೂ ಕೇಳಲಿ ಎಂದು ಕಾದು ಕುಳಿತಿತ್ತು.

ಡಾಕ್ಟರ್ ಎರಡು ಸಲ ಓದಿದರು. "ಇವತ್ತು ಕೊಡಬೇಕು ಅಂದುಕೊಂಡಿದ್ದೂ ಇದೇ ಜಾತಿಯದು," ಎಂದು ಬೇರೆ ಔಷಧಿ ಬರೆದರು.

ಸಂಜೆ ಮೈಲಮ್ಮ ಕಣ್ಣು ಬಿಟ್ಟು ನೀರು ಕೇಳಿದಳು. ಸಣ್ಣತಿಮ್ಮಪ್ಪ ಹೊರಗೆ ಬಂದು ತನ್ನ ಫೋನನ್ನು ಆಶಾರಾಣಿಯ ಕೈಗಿಟ್ಟ. "ನಂದೂ ಮಾಡವ್ವಾ. ಬೀಗ ಹಾಕೋದು ಹೆಂಗೆ ಅಂತಾನೂ ತೋರ್ಸು."

ಬಂಧುಗಳೇ, ಆಭಾ ಸಂಖ್ಯೆಗೆ ಹಣ ಕೊಡಬೇಕಿಲ್ಲ. ಹತ್ತಿರದ ಸರ್ಕಾರಿ ಆಸ್ಪತ್ರೆಯಲ್ಲಿ ಕೇಳಿ, ನಿಮ್ಮ ಚೀಟಿಗಳನ್ನು ಅದಕ್ಕೆ ಸೇರಿಸಿಕೊಳ್ಳಿ. ಯಾರಿಗೆ, ಎಷ್ಟು ದಿನ ತೋರಿಸಬೇಕೆಂದು ನೀವೇ ತೀರ್ಮಾನಿಸಿ. ಫೋನ್ ಮಾಡಿ ಒಟಿಪಿ ಕೇಳುವವರಿಗೆ ಹೇಳಲೇಬೇಡಿ. ನಿಮಗೆ ನಾಲಿಗೆ ಹೊರಳದ ಹೊತ್ತು ಬಂದರೆ, ನಿಮ್ಮ ಪರವಾಗಿ ಆ ಒಂದು ಸಾಲು ಮಾತಾಡಲಿ.