ಕೊಕ್ಕೆಯಲ್ಲಿ ಇಲ್ಲದ ಅಂಗಿ

ಚಿಕ್ಕಂದಿನಲ್ಲಿ ಒಲೆಯ ಪಕ್ಕ ಒಣಗುತ್ತಿದ್ದ ಅಣ್ಣಂದಿರ ಉಣ್ಣೆಯ ಕೈಗವಸುಗಳ ವಾಸನೆ ನನಗಿನ್ನೂ ನೆನಪಿದೆ. ಲಾಟ್ವಿಯಾದ ಆರ್ವಿಸ್ ಕೆನಡಾದ ನಮ್ಮೂರ ಐಸ್ ಹಾಕಿ ತಂಡಕ್ಕೆ ಆಡಲು ಬಂದು ನಮ್ಮ ಮನೆಯಲ್ಲಿ ಉಳಿದ ಮೇಲೆ ಅದೇ ವಾಸನೆ ಮತ್ತೆ ಮನೆ ತುಂಬಿತು.

ಒಂದು ಬೆಳಿಗ್ಗೆ ಅಭ್ಯಾಸಕ್ಕೆ ಹೋದವನು ಬೇಗನೆ ಮರಳಿ, ಪೆಟ್ಟಿಗೆ ತುಂಬತೊಡಗಿದ.

"ಏನಾಯ್ತಪ್ಪಾ?"

"ಕೊಕ್ಕೇಲಿ ನನ್ನ ಅಂಗಿ ಇಲ್ಲ ಅಜ್ಜಿ. ಊರಿಗೆ ಹೋಗಿ ಅಪ್ಪನಿಗೆ ಏನಂತ ಹೇಳ್ಲಿ?"

ನಮ್ಮಲ್ಲಿ ತಂಡದಿಂದ ಯಾರನ್ನಾದರೂ ತೆಗೆದರೆ ಬಾಯಿಬಿಟ್ಟು ಹೇಳುವುದಿಲ್ಲ. ಆಟಗಾರರ ಕೋಣೆಯ ಕೊಕ್ಕೆಯಲ್ಲಿ ಅವರ ಆಟದ ಅಂಗಿ ಇರುವುದಿಲ್ಲ, ಅಷ್ಟೇ. ಯಾರನ್ನೂ ಕೇಳದೆ ಹಿಂಬಾಗಿಲಿನಿಂದ ಹೊರಟುಬಿಡುವುದು ಮರ್ಯಾದೆ. ನಾನೂ ಏನೂ ಕೇಳದೆ ಅವನ ಕಾಲುಚೀಲಗಳನ್ನು ಮಡಚಿಕೊಟ್ಟೆ.

ಅಷ್ಟರಲ್ಲಿ ತಂಡದ ಸಾಮಾನು ನೋಡಿಕೊಳ್ಳುವ ಒರೆಸ್ಟ್ ಬಂದ. ಅವನ ಕೈಯಲ್ಲಿ ಆ ಅಂಗಿಯಿತ್ತು.

"ಏನೋ ಮಹಾರಾಯ, ಅಲ್ಲಿ ಕೋಚ್ ನಿನ್ನ ಹುಡುಕ್ತಿದಾರೆ, ನೀನಿಲ್ಲಿ ಬಟ್ಟೆ ಮಡಚ್ತಾ ಇದೀಯ? ಕತ್ತಿನ ಹತ್ರ ಹೊಲಿಗೆ ಬಿಟ್ಟಿತ್ತು. ನಮ್ಮನೆಯವಳ ಕೈಲಿ ಹಾಕಿಸ್ಕೊಂಡು ಬಂದೆ."

"ಒಂದು ಮಾತು ಹೇಳಿ ತಗೊಂಡು ಹೋಗಬಾರದಾ? ಹುಡುಗನ ಜೀವವೇ ಹೋಗಿತ್ತು," ಎಂದೆ.

"ಹೊಲಿಗೆ ಬಿಟ್ಟಿದ್ದಕ್ಕೆಲ್ಲ ಡಂಗುರ ಹೊಡೀಬೇಕಿತ್ತೇನಮ್ಮ?"

ಆರ್ವಿಸ್ ಅಂಗಿಯನ್ನು ಮುಖಕ್ಕೊತ್ತಿಕೊಂಡು ಹಾಸಿಗೆಯ ಮೇಲೆ ಕುಳಿತ. ಅವನ ಭುಜಗಳು ಕುಲುಕುತ್ತಿದ್ದವು. ಒರೆಸ್ಟ್ ನೋಡದವನಂತೆ ಕಿಟಕಿಯತ್ತ ತಿರುಗಿ ನಿಂತ. ಸ್ವಲ್ಪ ಹೊತ್ತಾದ ಮೇಲೆ, ಹೆಂಡತಿ ತನಗೆ ಮಧ್ಯಾಹ್ನಕ್ಕೆಂದು ಕಟ್ಟಿಕೊಟ್ಟಿದ್ದ ಆಲೂಗಡ್ಡೆ ಕಡುಬಿನ ಡಬ್ಬಿಯನ್ನು ಕೋಟಿನೊಳಗಿಂದ ತೆಗೆದು ಹುಡುಗನ ಮಡಿಲಲ್ಲಿಟ್ಟ.