ಮುದುಕರ ಪಾತ್ರದ ಪ್ಯಾಜೆಟ್

ಲಯನಲ್ ಪ್ಯಾಜೆಟ್ ಇಪ್ಪತ್ತಮೂರಕ್ಕೇ ಮುದುಕರಾದವರು. ಲೀಡ್ಸಿನ ಒಂದು ನಾಟಕ ಕಂಪನಿಯಲ್ಲಿ ಅಜ್ಜನ ಪಾತ್ರದವನು ಕಾಯಿಲೆ ಬಿದ್ದನಂತೆ. ಇವರ ತಲೆಗೆ ಬಿಳಿ ಬಳಿದು ರಂಗಕ್ಕೆ ನೂಕಿದರು. ಇವರು ಬೆನ್ನು ಬಗ್ಗಿಸಿ, ಕೆಮ್ಮಿ, ಕೈ ನಡುಗಿಸಿದರು. ಜನ ಚಪ್ಪಾಳೆ ತಟ್ಟಿದರು. ಅಲ್ಲಿಂದಾಚೆ ಯಾರೂ ಅವರಿಗೆ ವಯಸ್ಸಿಗೆ ತಕ್ಕ ಪಾತ್ರ ಕೊಡಲಿಲ್ಲ. ಒಂದೂರಲ್ಲಿ ಪಾದ್ರಿ, ಇನ್ನೊಂದೂರಲ್ಲಿ ನ್ಯಾಯಾಧೀಶ, ಹೆಚ್ಚಾಗಿ ನಾಯಕಿಯ ಅಪ್ಪ.

ಆ ನಾಯಕಿ ಡಿಲಿಸ್, ವೇಲ್ಸಿನ ಹುಡುಗಿ. ಊರೂರು ತಿರುಗುವಾಗ ಅವಳ ಪೆಟ್ಟಿಗೆ ಹೊತ್ತವರು ಇವರೇ. ಒಂದು ಭಾನುವಾರ ಕ್ರೂ ಜಂಕ್ಷನ್ನಿನಲ್ಲಿ ರೈಲಿಗೆ ಕಾಯುತ್ತಾ, ಧೈರ್ಯ ಮಾಡಿ, ನನ್ನನ್ನು ಮದುವೆಯಾಗುತ್ತೀಯಾ ಎಂದು ಕೇಳಿಯೇಬಿಟ್ಟರು.

"ಅಯ್ಯೋ ಲಯನಲ್, ನೀನಾ!" ಅವಳು ನಕ್ಕುಬಿಟ್ಟಳು. ಆಮೇಲೆ ಅವರ ತೋಳು ಹಿಡಿದು, "ಬೇಜಾರು ಮಾಡ್ಕೋಬೇಡ ಕಣೋ. ನಿನ್ನ ಮುಖ ನೋಡಿದ್ರೆ 'ಅಪ್ಪಾ' ಅಂತಲೇ ಬಾಯಿಗೆ ಬರುತ್ತೆ," ಎಂದಳು.

ಇದನ್ನೆಲ್ಲ ಅವರು ನನಗೆ ಹೇಳಿದ್ದು ನಮ್ಮ ಅಡುಗೆಮನೆಯಲ್ಲಿ. ನಾನು ನಟರಿಗೆ ಕೋಣೆ ಬಾಡಿಗೆ ಕೊಡುವವಳು. ಒಂದು ವಾರಕ್ಕೆಂದು ಬಂದ ಪ್ಯಾಜೆಟ್ ಮಹಡಿಯ ಹಿಂದಿನ ಕೋಣೆಯಲ್ಲೇ ಉಳಿದುಬಿಟ್ಟರು. ಅವರನ್ನು ಕೇಳಿಕೊಂಡು ಕ್ರಿಸ್‌ಮಸ್ಸಿಗೂ ಯಾರೂ ಬಂದದ್ದಿಲ್ಲ.

ವಯಸ್ಸು ಎಪ್ಪತ್ತರ ಹತ್ತಿರ ಬಂದಾಗ ಟೀವಿಯವರು ಮುದಿ ಮೀನುಗಾರನ ಪಾತ್ರಕ್ಕೆ ಕರೆದರು. ನಾನೇ ಕೋಟು ಇಸ್ತ್ರಿ ಮಾಡಿಕೊಟ್ಟೆ. ಸಂಜೆ ಬಂದವರು ಟೋಪಿಯನ್ನೂ ತೆಗೆಯದೆ ಕೂತರು.

"ಏನಾಯ್ತು ಪ್ಯಾಜೆಟ್‌ರೇ?"

"ನಡೆದು ತೋರಿಸಿ ಅಂದ್ರು, ಐವಿ. ನಡೆದೆ. 'ಇದು ನಾಟಕದ ಮುದುಕ, ಬೇಡ. ನೀವು ದಿನಾ ನಡೆಯೋ ಹಾಗೆ ನಡೀರಿ' ಅಂದ್ರು. ನಾನು ಹೇಗೆ ನಡೀತೀನಿ ಅಂತ ನೆನಪೇ ಆಗ್ಲಿಲ್ಲ."

ಮುಂದಿಟ್ಟ ಮೀನು ಆರಿ ತಣ್ಣಗಾಯಿತು. ಅವರು ಮುಟ್ಟಲಿಲ್ಲ.

ಕೊನೆಗೆ, ಮುದುಕರ ಪಾತ್ರವೇನಾದರೂ ಇದೆಯೇ ಎಂದು ರೇಡಿಯೊದವರಿಗೆ ಫೋನ್ ಮಾಡಿದರು. "ಏನಪ್ಪಾ, ಈ ದನಿಗೆ ಮುದುಕನ ಪಾತ್ರವಾ?" ಎಂದು ಆ ಕಡೆಯವನು ನಕ್ಕನಂತೆ. ಕೆಮ್ಮು, ನಡುಕ ಬಿಟ್ಟರೆ ಅವರ ದನಿ ಹುಡುಗನದೇ. ಧಾರಾವಾಹಿಯೊಂದರಲ್ಲಿ ಗಿರಣಿಯ ಹುಡುಗ ಜ್ಯಾಕ್‌ನ ಪಾತ್ರ ಸಿಕ್ಕಿತು. ಜನ್ಮದಲ್ಲಿ ಮೊದಲ ಸಲ ಪ್ರೇಮಿಯ ಪಾತ್ರ. ನಮ್ಮ ಬೀದಿಯ ಹೆಂಗಸರೆಲ್ಲ ಕೆಲಸ ಬಿಟ್ಟು ಕೇಳುತ್ತಿದ್ದರು.

ಒಮ್ಮೆ ನನ್ನನ್ನೂ ಸ್ಟುಡಿಯೊಗೆ ಕರೆದುಕೊಂಡು ಹೋದರು. ಕಣ್ಣು ಮುಚ್ಚಿಕೊಂಡು ಅವರು "ನೀನಿಲ್ಲದೆ ನಾನು ಬದುಕಿರಲಾರೆ" ಎಂದರು. ಎದುರಿಗಿದ್ದ ಹುಡುಗಿ ಹಾಳೆ ನೋಡಿಕೊಂಡೇ ಅತ್ತಳು. ಕೆಂಪು ದೀಪ ಆರಿದ ಮೇಲೆ ಅವಳೇ ಅವರಿಗೆ ಕೋಟು ಹಿಡಿದಳು. "ತಾತ, ಹುಷಾರು, ಮೆಟ್ಟಿಲು ಜಾರುತ್ತೆ."

ಪ್ಯಾಜೆಟ್ ಬೆನ್ನು ಬಗ್ಗಿಸಿ, ನಡುಗುವ ದನಿಯಲ್ಲಿ, "ಒಳ್ಳೇದಾಗ್ಲಿ ಮಗಳೇ," ಎಂದರು.

ಆ ಫೆಬ್ರವರಿಯಲ್ಲಿ ನ್ಯುಮೋನಿಯಾ ಆಗಿ ತೀರಿಕೊಂಡರು. ಮಣ್ಣಿಗೆ ಬಂದವರು ಪಾದ್ರಿ ಮತ್ತು ನಾನು, ಇಬ್ಬರೇ. ಜ್ಯಾಕ್‌ನ ಪಾತ್ರಕ್ಕೆ ಬೇರೊಬ್ಬನನ್ನು ಹಾಕಿ ಧಾರಾವಾಹಿ ಮುಂದುವರಿಸಿದರು.

ಮರುವಾರ ಹಿತ್ತಲ ಗೋಡೆಯಾಚೆಯಿಂದ ಮಿಸೆಸ್ ಹಾಲ್‌ರಾಯ್ಡ್ ಕೂಗಿದಳು: "ಐವಿ, ನಿನ್ನೆ ಕೇಳಿದ್ಯಾ? ಪಾಪ, ಜ್ಯಾಕ್‌ಗೆ ನೆಗಡಿ ಅನ್ಸುತ್ತೆ ಕಣೇ!"

"ಅದು ಬೇರೆಯವನು. ಜ್ಯಾಕ್ ಆಗಿದ್ದು ನಮ್ಮ ಪ್ಯಾಜೆಟ್."

"ಆ ಮುದುಕನಾ? ಹೋಗೇ, ಬೆಳಗ್ಗೆ ಬೆಳಗ್ಗೆ ತಮಾಷೆ!" ಎಂದು ನಗುತ್ತಾ ಅವಳು ದುಪ್ಪಟಿ ಕೊಡವಿ ತಂತಿಗೆ ಹಾಕಿದಳು.